ಸೋಜುಗಾದ ಸೂಜುಮಲ್ಲಿಗೆ: ಮಾದಪ್ಪನ ಪರಸೆಯಿಂದ ಮೊಬೈಲ್ ಪರದೆಗೆ

‘ಸೋಜುಗಾದ ಸೂಜುಮಲ್ಲಿಗೆ’ ಮಲೆ ಮಹದೇಶ್ವರನ ಒಕ್ಕಲಿನವರು ತಲೆತಲಾಂತರದಿಂದ ಹಾಡಿಕೊಂಡು ಬಂದಿರುವ ಜನಪದ ಭಕ್ತಿಗೀತೆ. ಇದನ್ನು ಬರೆದವರು ಯಾರೆಂದು ಯಾವ ದಾಖಲೆಯೂ ಹೇಳುವುದಿಲ್ಲ. ಮೈಸೂರು, ಚಾಮರಾಜನಗರ, ಮಂಡ್ಯ ಸೀಮೆಯ ಆಚೆಗೆ ಅಷ್ಟಾಗಿ ಪರಿಚಯವಿಲ್ಲದಿದ್ದ ಈ ಹಾಡು 2020ರ ಮಹಾಶಿವರಾತ್ರಿಯ ರಾತ್ರಿ ಗಾಯಕಿ ಅನನ್ಯಾ ಭಟ್ ಅವರ ಕಂಠದಲ್ಲಿ ಕೊಯಮತ್ತೂರಿನ ಈಶ ಯೋಗ ಕೇಂದ್ರದ ವೇದಿಕೆಯಿಂದ ಕೇಳಿಬಂತು. ಅದರ ವಿಡಿಯೊ ಯೂಟ್ಯೂಬಿನಲ್ಲಿ ಕನ್ನಡ ಬಾರದವರನ್ನೂ ತಲುಪಿತು. ಮರು ವರ್ಷ ನವೆಂಬರ್ 19ರಂದು ತೆರೆಕಂಡ ‘ಗರುಡ ಗಮನ ವೃಷಭ ವಾಹನ’ ಚಿತ್ರದಲ್ಲಿ ಇದೇ ಹಾಡು ಚೈತ್ರಾ ಜೆ. ಆಚಾರ್ ದನಿಯಲ್ಲಿ, ಬೇರೊಂದು ಬಣ್ಣದಲ್ಲಿ ಮತ್ತೆ ಬಂತು. ಕರ್ತೃವಿನ ಹೆಸರಿಲ್ಲದ ಹಳ್ಳಿಯ ಹಾಡೊಂದು ಎರಡೇ ವರ್ಷಗಳಲ್ಲಿ ಇಷ್ಟು ದೂರ ಹೋದದ್ದು ಕನ್ನಡದ ಮಟ್ಟಿಗೆ ಅಪರೂಪದ ಸಂಗತಿ.

ಹಾಡು ಹುಟ್ಟಿದ ನೆಲ ಚಾಮರಾಜನಗರ ಜಿಲ್ಲೆಯ ಹನೂರು ತಾಲ್ಲೂಕಿನ ಮಲೆ ಮಹದೇಶ್ವರ ಬೆಟ್ಟ. ತಮಿಳುನಾಡಿನ ಗಡಿಗೆ ಅಂಟಿಕೊಂಡ ಈ ಕಾಡಿನ ನಡುವೆ ಎಪ್ಪತ್ತೇಳು ಮಲೆಗಳ ಒಡೆಯನಾಗಿ ಮಾದಪ್ಪನೆಂದು ಕರೆಸಿಕೊಳ್ಳುವ ಮಹದೇಶ್ವರ ನೆಲೆಸಿದ್ದಾನೆ ಎಂಬುದು ಭಕ್ತರ ನಂಬಿಕೆ. ಆನುಮಲೆ, ಜೇನುಮಲೆ, ಕಾನುಮಲೆ, ಪಚ್ಚೆಮಲೆ, ಪವಳಮಲೆ, ಪೊನ್ನಾಚಿಮಲೆ, ಕೊಂಗುಮಲೆ ಎಂದು ಏಳು ಮಲೆಗಳನ್ನು ಹೆಸರು ಹಿಡಿದು ಹಾಡುವುದು ವಾಡಿಕೆ. ಹುಲಿಯನ್ನು ವಾಹನ ಮಾಡಿಕೊಂಡ ಈ ದೇವರಿಗೆ ಪೂಜೆ ಸಲ್ಲಿಸುವವರು ಬೇಡಗಂಪಣ ಸಮುದಾಯದವರು. ಶಿವರಾತ್ರಿ, ಯುಗಾದಿ, ದೀಪಾವಳಿಗಳಲ್ಲಿ ದೊಡ್ಡ ಜಾತ್ರೆ ನಡೆಯುತ್ತದೆ. ಅಮಾವಾಸ್ಯೆಗಳಲ್ಲೂ ಬೆಟ್ಟ ತುಂಬಿರುತ್ತದೆ. ದೀಪಾವಳಿಯಲ್ಲಿ ಬೇಡಗಂಪಣರ 101 ಹೆಣ್ಣುಮಕ್ಕಳು ಹಳ್ಳದಿಂದ ನೀರು ತುಂಬಿದ ಕಳಶಗಳನ್ನು ಹೊತ್ತು ಸಾಲಾಗಿ ಗುಡಿಗೆ ಬರುವ ಹಾಲರವಿ ಉತ್ಸವವನ್ನು ನೋಡಲು ಜನ ದೂರದೂರದಿಂದ ಬರುತ್ತಾರೆ. ಕಾಲ್ನಡಿಗೆಯ ಹರಕೆ ಹೊತ್ತವರು ಕೌದಳ್ಳಿ ದಾಟಿ, ತಾಳುಬೆಟ್ಟದಲ್ಲಿ ಕಾಯಿ ಒಡೆದು, ‘ಉಘೇ ಮಾದಪ್ಪ’ ಎನ್ನುತ್ತಾ ಮೇಲೇರುತ್ತಾರೆ. ಹೀಗೆ ಗುಂಪಾಗಿ ಹೊರಟ ಭಕ್ತರಿಗೆ ಆ ಕಡೆಯ ಮಾತಿನಲ್ಲಿ ಪರಸೆ ಎನ್ನುತ್ತಾರೆ. ಸೋಜುಗಾದ ಸೂಜುಮಲ್ಲಿಗೆ ಈ ಪರಸೆಯ ಹಾಡು.

ಮಾದಪ್ಪನ ಕತೆಯನ್ನು ಹಾಡುವ ಹೊಣೆ ಹೊತ್ತವರು ದೇವರಗುಡ್ಡರು. ಹೆಚ್ಚಿನವರು ಹಾಲುಮತದ ಕುರುಬರು. ಬೇರೆ ಸಮುದಾಯಗಳವರೂ ಇದ್ದಾರೆ. ಹರಕೆಯಿಂದಲೋ ಮನೆತನದ ಪದ್ಧತಿಯಿಂದಲೋ ದೀಕ್ಷೆ ಪಡೆದು, ಕೊರಳಿಗೆ ರುದ್ರಾಕ್ಷಿ ಧರಿಸಿ, ಕೈಯಲ್ಲಿ ಕಂಸಾಳೆ ಹಿಡಿಯುತ್ತಾರೆ. ಕಂಸಾಳೆ ಎಂದರೆ ಕಂಚಿನ ಒಂದು ಜೋಡಿ ತಾಳ. ಎಡ ಅಂಗೈಯಲ್ಲಿ ಕೂರುವುದು ಬಟ್ಟಲಿನ ಆಕಾರದ್ದು. ಬಲಗೈಯಲ್ಲಿರುವುದು ಹುರಿಗೆ ಕಟ್ಟಿದ ಚಪ್ಪಟೆ ತಟ್ಟೆ. ಹುರಿಯ ತುದಿಯಲ್ಲಿ ಗೊಂಡೆ. ಕುಳಿತು ಕತೆ ಹಾಡುವಾಗ ಅದು ಲಯಕ್ಕೆ ಮಾತ್ರ. ಎದ್ದು ನಿಂತು ಬೀಸತೊಡಗಿದರೆ ಅದೇ ಬೀಸು ಕಂಸಾಳೆ: ತಟ್ಟೆಯನ್ನು ತಲೆಯ ಮೇಲೆ, ಬೆನ್ನ ಹಿಂದೆ, ಕಾಲ ಸಂದಿನಲ್ಲಿ ಸುತ್ತಿಸಿ ಸರಿಯಾದ ಮಾತ್ರೆಗೆ ಬಟ್ಟಲಿಗೆ ತಾಗಿಸುತ್ತಾರೆ. ಒಬ್ಬನ ತಟ್ಟೆ ಪಕ್ಕದವನ ಬಟ್ಟಲಿಗೆ ತಾಗುವ ಪಟ್ಟುಗಳೂ ಉಂಟು. ಲೆಕ್ಕ ತಪ್ಪಿದರೆ ಏಟು ಬೀಳುವುದು ಮೈಮೇಲೆಯೇ.

ಇವರು ಹಾಡುವ ಮಲೆ ಮಹದೇಶ್ವರ ಕಾವ್ಯ ಕನ್ನಡದ ದೊಡ್ಡ ಮೌಖಿಕ ಮಹಾಕಾವ್ಯಗಳಲ್ಲಿ ಒಂದು. ಅದರ ಭಾಗಗಳಿಗೆ ಸಾಲು ಎಂದು ಹೆಸರು. ಸಂಕಮ್ಮನ ಸಾಲು ಅವುಗಳಲ್ಲಿ ಹೆಸರುವಾಸಿ. ಒಂದೊಂದು ಸಾಲಿಗೂ ಗಂಟೆಗಟ್ಟಲೆ ಹೊತ್ತು ಬೇಕು, ಇಡೀ ಕಾವ್ಯಕ್ಕೆ ಹಲವು ರಾತ್ರಿಗಳು. ಪಿ.ಕೆ. ರಾಜಶೇಖರ ಅವರು ಸಂಗ್ರಹಿಸಿದ ಪಾಠ 1973ರಲ್ಲಿ ಅಚ್ಚಾಯಿತು. ಹೆಬ್ಬಣಿ ಮಾದಯ್ಯ ಮತ್ತು ತಂಡದವರು ಹಾಡಿದ ಪಾಠವನ್ನು ಕೆ. ಕೇಶವನ್ ಪ್ರಸಾದ್ ಸಂಗ್ರಹಿಸಿದರು, ಸಿ.ಎನ್. ರಾಮಚಂದ್ರನ್ ಮತ್ತು ಎಲ್.ಎನ್. ಭಟ್ ಮಾಡಿದ ಅದರ ಇಂಗ್ಲಿಷ್ ಅನುವಾದವನ್ನು 2001ರಲ್ಲಿ ಸಾಹಿತ್ಯ ಅಕಾಡೆಮಿ ಪ್ರಕಟಿಸಿತು. ಸೋಜುಗಾದ ಸೂಜುಮಲ್ಲಿಗೆ ಈ ಮಹಾಕಾವ್ಯದ ಕಥಾಭಾಗವಲ್ಲ. ಕಾವ್ಯವನ್ನು ಕಲಿತವರು ಕೆಲವರೇ. ಇಂಥ ಬಿಡಿ ಹಾಡುಗಳನ್ನು ಬೆಟ್ಟ ಹತ್ತುವ ಯಾರು ಬೇಕಾದರೂ, ಮನೆಯ ಹೆಣ್ಣುಮಕ್ಕಳೂ ಮಕ್ಕಳೂ ಹಾಡಬಹುದು. ಈ ಹಾಡು ಸುಲಭವಾಗಿ ಊರು ದಾಟಲು ಇದೂ ಒಂದು ಕಾರಣ.

ಹಾಡಿನಲ್ಲಿ ಕತೆಯಿಲ್ಲ. ಮಾದೇವನ ಮುಡಿಗೆ ಮಲ್ಲಿಗೆ ಏರಿಸುವುದರಿಂದ ಮೊದಲಾಗುತ್ತದೆ. ಆಮೇಲೆ ತಾವರೆ, ಬಿಲ್ವಪತ್ರೆ, ತುಳಸಿ ಒಂದೊಂದಾಗಿ ಪೂಜೆಗೆ ಬರುತ್ತವೆ. ಮುಂದಿನ ನುಡಿಯಲ್ಲಿ ಮನೆಯ ಅಡುಗೆಕೋಣೆ ಕಾಣುತ್ತದೆ: ಭಕ್ತೆ ತಪ್ಪಾಳೆ ಬೆಳಗಿಟ್ಟಿದ್ದಾಳೆ, ತುಪ್ಪ ಕಾಸಿದ್ದಾಳೆ, ಕಿತ್ತಳೆ ಹಣ್ಣು ತಂದಿಟ್ಟಿದ್ದಾಳೆ. ಬಡವರ ಮನೆಯಲ್ಲಿ ಪರಸೆಯ ಹಿಂದಿನ ದಿನ ನಡೆಯುವ ತಯಾರಿ ಇಷ್ಟೇ, ಇದಿಷ್ಟನ್ನೂ ದೇವರಿಗೆ ಒಪ್ಪಿಸುವಂತೆ ಹಾಡು ಹೇಳಿಕೊಳ್ಳುತ್ತದೆ. ಇನ್ನೊಂದು ನುಡಿ ಬೆಟ್ಟ ಹತ್ತುವವರಿಗೆ ಹಟ್ಟಿಯ ಹಂಬಲ ಯಾಕೆ ಎಂದು ಕೇಳುತ್ತದೆ. ದನಕರು, ಹೊಲ, ಬಾಗಿಲು ಹಾಕಿ ಬಂದ ಮನೆ ಎಲ್ಲವನ್ನೂ ದಾರಿಯಲ್ಲೇ ಮರೆತವರ ಮಾತು ಅದು. ಇಡೀ ಹಾಡಿನಲ್ಲಿ ಅತ್ಯಂತ ಚೆಲುವಾದ ನುಡಿ ಪರಸೆಯನ್ನು ಹುಚ್ಚೆಳ್ಳು ಹೂವಿಗೆ ಹೋಲಿಸುವುದು. ಹುಚ್ಚೆಳ್ಳು ಮಳೆಯಾಶ್ರಿತ ಬಡ ನೆಲದ ಬೆಳೆ. ಮುಂಗಾರು ಮುಗಿಯುತ್ತಾ ಬಂದಾಗ ಹೊಲಕ್ಕೆ ಹೊಲವೇ ಹಳದಿಯಾಗುತ್ತದೆ. ಅದರ ಹಿಂದೆಯೇ ದೀಪಾವಳಿ ಜಾತ್ರೆ. ಕೌದಳ್ಳಿ ಕಣಿವೆಯಲ್ಲಿ ಜನ ಹೀಗೆ ಹೆಚ್ಚಿದರು ಎಂದು ಹಾಡಿದವರು ಆ ಹೊಲವನ್ನೂ ಆ ಕಣಿವೆಯನ್ನೂ ಕಣ್ಣಾರೆ ಕಂಡವರೇ ಇರಬೇಕು.

ನುಡಿಯ ಕಟ್ಟು ತ್ರಿಪದಿಯದು. ಸುಮಾರು ಏಳನೆಯ ಶತಮಾನದ ಬಾದಾಮಿಯ ಕಪ್ಪೆ ಅರಭಟ್ಟನ ಶಾಸನದಲ್ಲಿ ಕಾಣಸಿಗುವ, ಸರ್ವಜ್ಞನ ವಚನಗಳಲ್ಲೂ ಬೀಸುವ ಕಲ್ಲಿನ ಪದಗಳಲ್ಲೂ ಬೆಳೆದು ಬಂದ ಮೂರು ಸಾಲಿನ ಛಂದಸ್ಸು ಇದು. ಪ್ರತಿ ಸಾಲಿನ ಎರಡನೆಯ ಅಕ್ಷರಕ್ಕೆ ಪ್ರಾಸ ಬೀಳುವುದು ಇದರ ಗುರುತು. ಬೆಟ್ಟಕ್ಕೆ ಹಟ್ಟಿ, ತಪ್ಪಾಳೆಗೆ ತುಪ್ಪ ಹೀಗೆ ಒದಗಿ ಬರುತ್ತವೆ. ಹಾಡುವಾಗ ಮೂರನೆಯ ಸಾಲಿನ ತುದಿಯಲ್ಲಿ ‘ಮಾದೇವ’ ಎಂಬ ಕರೆ ಸೇರಿ, ಸಾಲಿನ ಒಂದು ತುಂಡು ಮತ್ತೆ ಬರುತ್ತದೆ. ಮುಂದಾಳು ಹೊಸ ನುಡಿ ಎತ್ತುತ್ತಾನೆ, ಗುಂಪು ಪಲ್ಲವಿಗೆ ಸೇರಿಕೊಳ್ಳುತ್ತದೆ. ಪದಗಳು ಗೊತ್ತಿಲ್ಲದವರೂ ಎರಡನೆಯ ನುಡಿಯ ಹೊತ್ತಿಗೆ ಮಾದೇವ ಎನ್ನುವಲ್ಲಿ ದನಿಗೂಡಿಸಬಹುದು. ಬೆಟ್ಟದ ದಾರಿಯಲ್ಲಿ ಸಾವಿರ ಜನರನ್ನು ಒಂದೇ ಹಾಡಿಗೆ ಸೇರಿಸಲು ಹೊಂದುವ ಈ ಕಟ್ಟು, ಸಂಗೀತದ ವೇದಿಕೆಗೂ ಅಷ್ಟೇ ಚೆನ್ನಾಗಿ ಹೊಂದಿಕೊಂಡಿತು. ಜನಪ್ರಿಯ ಹಾಡು ಕಟ್ಟುವವರು ಯಾವಾಗಲೂ ಹುಡುಕುವ, ಎಲ್ಲರೂ ಕೂಡಲೇ ಹಿಡಿದುಕೊಳ್ಳುವ ಪಲ್ಲವಿ ಇಲ್ಲಿ ಮೊದಲೇ ಇತ್ತು.

ಮಾದಪ್ಪನ ಹಾಡುಗಳು ಧ್ವನಿಮುದ್ರಿಕೆಗೆ ಬಂದದ್ದು 2020ರಲ್ಲಿ ಮೊದಲಲ್ಲ. 1935ರಲ್ಲಿ ಎಂ.ವಿ. ಗೋಪಾಲಸ್ವಾಮಿ ಅವರು ಮೈಸೂರಿನ ತಮ್ಮ ಮನೆಯಲ್ಲಿ ಆರಂಭಿಸಿದ ಬಾನುಲಿ ಕೇಂದ್ರ ಮುಂದೆ ಮೈಸೂರು ಆಕಾಶವಾಣಿಯಾಗಿ ಬೆಳೆದು, ಆ ಸೀಮೆಯ ಜನಪದ ಗಾಯಕರಿಗೆ ಧ್ವನಿವರ್ಧಕವಾಯಿತು. ಆಮೇಲಿನದು ಕ್ಯಾಸೆಟ್ ಕಾಲ. 1978ರಲ್ಲಿ ಬಂದ ‘ನಿತ್ಯೋತ್ಸವ’ ಭಾವಗೀತೆಗಳಿಗೆ ಮಾರುಕಟ್ಟೆ ಇದೆಯೆಂದು ತೋರಿಸಿಕೊಟ್ಟ ಮೇಲೆ, ಬೆಂಗಳೂರಿನ ಕಂಪನಿಗಳು ಜನಪದ, ಭಕ್ತಿಗೀತೆಗಳ ಕ್ಯಾಸೆಟ್‌ಗಳನ್ನು ರಾಶಿ ರಾಶಿಯಾಗಿ ತಂದವು. ಬಾನಂದೂರು ಕೆಂಪಯ್ಯ, ಅಪ್ಪಗೆರೆ ತಿಮ್ಮರಾಜು ಅವರಂಥ ಗಾಯಕರ ದನಿ ಹಳ್ಳಿಯ ಚಹಾದಂಗಡಿಗಳಲ್ಲಿ, ಖಾಸಗಿ ಬಸ್ಸುಗಳಲ್ಲಿ ಮೊಳಗಿದ್ದು ಆಗಲೇ. ಸಿನಿಮಾ ಕೂಡ ಹಿಂದೆ ಬೀಳಲಿಲ್ಲ. ಟಿ.ಎಸ್. ನಾಗಾಭರಣ ನಿರ್ದೇಶಿಸಿದ, ವಿ. ಮನೋಹರ್ ಸಂಗೀತದ ‘ಜನುಮದ ಜೋಡಿ’ 1996ರಲ್ಲಿ ಬಂತು. ಅದರಲ್ಲಿ ಎಲ್.ಎನ್. ಶಾಸ್ತ್ರಿ ಹಾಡಿದ ‘ಕೋಲುಮಂಡೆ ಜಂಗಮದೇವ’ ಮಾದಪ್ಪನ ಹಾಡನ್ನು ಇಡೀ ಕರ್ನಾಟಕದ ಬಾಯಿಗೆ ತಂದಿತು; ಶಾಸ್ತ್ರಿ ಅವರಿಗೆ ರಾಜ್ಯ ಪ್ರಶಸ್ತಿಯೂ ಬಂತು.

ಇಲ್ಲಿ ಬಿಡಿ ಹಾಡು ಎಂಬ ವ್ಯಾಪಾರದ ರೂಪದ ಬಗ್ಗೆಯೂ ಹೇಳಬೇಕು. ಹಳೆಯ ಗ್ರಾಮಾಫೋನ್ ತಟ್ಟೆಯ ಒಂದು ಮಗ್ಗುಲಲ್ಲಿ ಸುಮಾರು 3 ನಿಮಿಷದ ಹಾಡು ಮಾತ್ರ ಹಿಡಿಯುತ್ತಿತ್ತು. ಆ ಮಿತಿಯೇ ಜಗತ್ತಿನಾದ್ಯಂತ ಜನಪ್ರಿಯ ಹಾಡಿನ ಅಳತೆಯಾಯಿತು. ಕ್ಯಾಸೆಟ್ಟಿನಲ್ಲಿ ಎಂಟು ಹತ್ತು ಹಾಡುಗಳು ಒಟ್ಟಿಗೆ ಬರುತ್ತಿದ್ದವು. ಅಂತರ್ಜಾಲ ಬಂದ ಮೇಲೆ ಮತ್ತೆ ಒಂದೊಂದೇ ಹಾಡು ಬಿಡುಗಡೆಯಾಗುವ ಪದ್ಧತಿ ಮರಳಿತು, ಈ ಸಲ ದೃಶ್ಯದ ಜೊತೆಗೆ. ಚಿತ್ರ ಬಿಡುಗಡೆಗೆ ಮುಂಚೆ ಹಾಡಿನ ಸಾಹಿತ್ಯವನ್ನು ಚಿತ್ರಗಳ ಮೇಲೆ ಮೂಡಿಸಿ ಬಿಡುವ ಲಿರಿಕಲ್ ವಿಡಿಯೊ ಕನ್ನಡದಲ್ಲೂ ರೂಢಿಯಾಯಿತು. ರಾತ್ರಿಯಿಡೀ ಹಾಡುವ ಪರಂಪರೆಯಿಂದ ಬಂದ ಪದವೊಂದು ಕೆಲವೇ ನಿಮಿಷಗಳಿಗೆ ಇಳಿದದ್ದು ಹೀಗೆ. ನುಡಿಗಳು ಕಡಿಮೆಯಾದವು, ಅವುಗಳ ಕ್ರಮ ಸ್ಥಿರವಾಯಿತು. ಹಳ್ಳಿಗಳಲ್ಲಿ ಹಾಡುವವರು ಮಾತ್ರ ಈಗಲೂ ಬೇರೆ ಬೇರೆ ನುಡಿಗಳನ್ನು ಸೇರಿಸಿಕೊಳ್ಳುತ್ತಾರೆ.

ಅನನ್ಯಾ ಭಟ್ ಮೈಸೂರಿನವರು. ‘ರಾಮಾ ರಾಮಾ ರೇ’ ಚಿತ್ರದ ಹಾಡಿಗೆ ಫಿಲ್ಮ್‌ಫೇರ್ ಪ್ರಶಸ್ತಿ ಪಡೆದು, 2018ರ ‘ಕೆಜಿಎಫ್’ ಹಾಡುಗಳಿಂದ ಹೊರರಾಜ್ಯಗಳಲ್ಲೂ ಪರಿಚಿತರಾಗಿದ್ದರು. ಈಶದ ಶಿವರಾತ್ರಿ ಜಾಗರಣೆ ದೇಶದ ಹಲವು ವಾಹಿನಿಗಳಲ್ಲಿ ರಾತ್ರಿಯಿಡೀ ನೇರಪ್ರಸಾರವಾಗುವ ಕಾರ್ಯಕ್ರಮ. ಅಲ್ಲಿನ ಆದಿಯೋಗಿ ಪ್ರತಿಮೆಯ ಎತ್ತರ 112 ಅಡಿ. ಅಂಥ ಕಡೆ ದೊಡ್ಡ ವಾದ್ಯಮೇಳದ ಅಬ್ಬರವನ್ನು ನಿರೀಕ್ಷಿಸುವುದು ಸಹಜ. ಆದರೆ ಆ ವಿಡಿಯೊದ ನಿಜವಾದ ಶಕ್ತಿ ಇರುವುದು ದನಿಯಲ್ಲಿ: ಗಂಟಲು ಬಿಗಿಯದೆ, ಬಯಲಿನಲ್ಲಿ ನಿಂತು ದೂರದವರನ್ನು ಕರೆಯುವಂತೆ ಬಿಚ್ಚಿ ಹಾಡುವ ರೀತಿಯಲ್ಲಿ. ಮಾದೇವ ಎಂಬ ಕರೆ ಬಂದಾಗಲೆಲ್ಲ ಆ ದನಿ ತುಂಬಿಕೊಳ್ಳುತ್ತದೆ, ಜನಸಾಗರ ಅದರೊಡನೆ ತೂಗುತ್ತದೆ. ವೇದಿಕೆಯ ಮೇಲಿನ ಒಂದು ಹಾಡನ್ನು ಕ್ಯಾಮೆರಾ ಹಿಡಿದದ್ದು ಬಿಟ್ಟರೆ ಆ ವಿಡಿಯೊಗೆ ಬೇರೆ ಕತೆಯಿಲ್ಲ. ಕೆಲವೇ ವಾರಗಳಲ್ಲಿ ಕೊರೊನಾ ಲಾಕ್‌ಡೌನ್ ಬಂತು. ಮನೆಯೊಳಗೆ ಉಳಿದ ಜನ ಮೊಬೈಲಿನಲ್ಲಿ ಹಾಡು ಕೇಳುವುದು ಹೆಚ್ಚಿದ ಆ ತಿಂಗಳುಗಳಲ್ಲಿ ಈ ಹಾಡೂ ಕೈಯಿಂದ ಕೈಗೆ ಸಾಗಿತು.

‘ಗರುಡ ಗಮನ ವೃಷಭ ವಾಹನ’ದ ದಾರಿ ಇದಕ್ಕೆ ತದ್ವಿರುದ್ಧ. ರಾಜ್ ಬಿ. ಶೆಟ್ಟಿ ಬರೆದು ನಿರ್ದೇಶಿಸಿ, ರಿಷಬ್ ಶೆಟ್ಟಿ ಅವರ ಜೊತೆ ತಾವೂ ನಟಿಸಿದ ಈ ಚಿತ್ರ ಮಂಗಳೂರಿನ ಮಂಗಳಾದೇವಿ ಪರಿಸರದ ರೌಡಿ ಜಗತ್ತಿನದು. ಹರಿ, ಶಿವ ಎಂಬಿಬ್ಬರ ಗೆಳೆತನ ಅದರ ವಸ್ತು. ಸಂಗೀತ ಮಿಧುನ್ ಮುಕುಂದನ್ ಅವರದು. ಇಲ್ಲಿ ಚೈತ್ರಾ ಆಚಾರ್ ತಗ್ಗಿದ ದನಿಯಲ್ಲಿ, ಜೋಗುಳದ ಹತ್ತಿರಕ್ಕೆ ಬರುವ ನಿಧಾನದಲ್ಲಿ ಹಾಡುತ್ತಾರೆ. ಆ ದನಿ ಕೇಳುವುದು ರಕ್ತಪಾತದ ನಡುವೆ, ಶಿವ ಎಂಬ ಪಾತ್ರ ಹುಲಿವೇಷದ ಹೆಜ್ಜೆ ಹಾಕುವ ಕಥನದಲ್ಲಿ. ಕರಾವಳಿಯ ಹುಲಿಕುಣಿತಕ್ಕೆ ಹಳೆ ಮೈಸೂರಿನ ಮಾದಪ್ಪನ ಹಾಡನ್ನು ಜೋಡಿಸಿದ್ದು ಧೈರ್ಯದ ಕೆಲಸ. ಹುಲಿಯೇರಿದ ದೇವರ ಹಾಡು ಅಲ್ಲಿ ಅರ್ಥವಿಲ್ಲದ ಅಲಂಕಾರವಾಗುವುದಿಲ್ಲ. ಕೊಲ್ಲುವವನೊಳಗೆ ಉಳಿದ ಮಗುತನವನ್ನು ಅದು ಮುಟ್ಟುತ್ತದೆ. ಎರಡು ವಿಡಿಯೊಗಳನ್ನು ಒಂದರ ಹಿಂದೆ ಒಂದು ಕೇಳಿದವರಿಗೆ, ಒಂದೇ ಧಾಟಿ ಸಂಭ್ರಮವನ್ನೂ ಸಂಕಟವನ್ನೂ ಎಷ್ಟು ಸಲೀಸಾಗಿ ಹೊರಬಲ್ಲದು ಎಂಬುದು ತಿಳಿಯುತ್ತದೆ.

ಹಾಡು ನಗರದಲ್ಲಿ ಬೇರೂರಿದ್ದಕ್ಕೆ ವಿಡಿಯೊ ಒಂದೇ ಕಾರಣವಲ್ಲ. ಹಾಡಿನ ಸೀಮೆಯ ಜನರೇ ನಗರಕ್ಕೆ ಬಂದಿದ್ದಾರೆ. ಬೆಂಗಳೂರಿನ ಪೂರ್ವದ ಮಹದೇವಪುರ ಈಗ, ವೈಟ್‌ಫೀಲ್ಡ್ ಸುತ್ತಮುತ್ತಲಿನ ಸೀಮೆಯೊಂದಿಗೆ, ಐಟಿ ಕಚೇರಿಗಳ ಹೆಬ್ಬಯಲು. ಆ ಗಾಜಿನ ಕಟ್ಟಡಗಳಿಗೂ ಪೀಣ್ಯದ ಕಾರ್ಖಾನೆಗಳಿಗೂ ಎಲೆಕ್ಟ್ರಾನಿಕ್ ಸಿಟಿಗೂ ದುಡಿಯಲು ಬಂದವರಲ್ಲಿ ಕೊಳ್ಳೇಗಾಲ, ಹನೂರು, ಮಳವಳ್ಳಿ ಕಡೆಯವರು ಇದ್ದಾರೆ: ಕ್ಯಾಬ್ ಓಡಿಸುವವರು, ಸೆಕ್ಯುರಿಟಿ ಕೆಲಸದವರು, ಗಾರೆ ಕೆಲಸದವರು, ಅವರ ಜೊತೆಗೇ ಎಂಜಿನಿಯರುಗಳೂ. ಅಮಾವಾಸ್ಯೆಗೆ ಮುನ್ನ ಕನಕಪುರ, ಮಳವಳ್ಳಿ, ಕೊಳ್ಳೇಗಾಲದ ದಾರಿಯಾಗಿ ಬೆಟ್ಟಕ್ಕೆ ಹೊರಡುವವರಿಗೆ ಇದು ಮನೆದೇವರ ಹಾಡು. ಅದೇ ಕಚೇರಿಗಳ ರಾಜ್ಯೋತ್ಸವದಲ್ಲಿ ಕನ್ನಡ ಕಲಿಯುತ್ತಿರುವ ಹೊರನಾಡಿನ ಸಹೋದ್ಯೋಗಿಗಳಿಗೆ ಇದು ಸುಲಭವಾಗಿ ಹಾಡಬಹುದಾದ ಕನ್ನಡದ ಹಾಡು. ಊರಿನಲ್ಲಿ ಅಜ್ಜಿಯ ಬಾಯಲ್ಲಿ ಕೇಳಿದ್ದನ್ನು ನಗರದ ವೇದಿಕೆಯಲ್ಲಿ ಮೈಕಿನಲ್ಲಿ ಕೇಳಿದಾಗ ಆಗುವ ಹೆಮ್ಮೆ ಸಣ್ಣದಲ್ಲ. ತಮ್ಮ ಸೀಮೆಯ ಆಡುಮಾತನ್ನು ಅಳುಕಿನಿಂದ ಬಚ್ಚಿಟ್ಟುಕೊಂಡಿದ್ದವರಿಗೆ ಈ ಹಾಡು ಅದನ್ನು ತಲೆಯೆತ್ತಿ ಹಾಡುವ ಅವಕಾಶ ಕೊಟ್ಟಿತು.

ಉಳಿದದ್ದು ಒಡೆತನದ ಪ್ರಶ್ನೆ. ಭಾರತದ 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಧ್ವನಿಮುದ್ರಣದ ಹಕ್ಕು ಪ್ರಕಟಣೆಯಿಂದ 60 ವರ್ಷ ಅದರ ನಿರ್ಮಾಪಕರಿಗೆ ಸೇರುತ್ತದೆ. ಹಾಡಿದವರಿಗೆ ಕಲಾವಿದರ ಹಕ್ಕು ಇದೆ; 2012ರ ತಿದ್ದುಪಡಿ ಅವರ ಹೆಸರನ್ನು ನಮೂದಿಸಬೇಕೆಂಬ ಹಕ್ಕನ್ನೂ ಗಟ್ಟಿ ಮಾಡಿತು. ಕರ್ತೃವಿಲ್ಲದ ಜನಪದ ಸಾಹಿತ್ಯ ಮಾತ್ರ ಯಾರ ಸ್ವತ್ತೂ ಅಲ್ಲ, ಯಾರು ಬೇಕಾದರೂ ಹಾಡಬಹುದು. ಇದರಿಂದ ಹಾಡು ಹರಡುತ್ತದೆ, ಅದು ಒಳ್ಳೆಯದೇ. ಆದರೆ ನೂರಾರು ವರ್ಷ ಅದನ್ನು ಕಾಪಾಡಿದ ದೇವರಗುಡ್ಡರಿಗೆ ಆ ಹರಡುವಿಕೆಯಿಂದ ಕಾನೂನಿನ ಪ್ರಕಾರ ಒಂದು ರೂಪಾಯಿಯೂ ಬರಬೇಕಾಗಿಲ್ಲ. ಅಮೆರಿಕದಲ್ಲೂ ಕಂಟ್ರಿ ಎಂಬ ಹಳ್ಳಿಗಾಡಿನ ಸಂಗೀತ ಹುಟ್ಟಿದ್ದು ಇಂಥ ತೊಡಕಿನಲ್ಲೇ. 1927ರ ಬೇಸಿಗೆಯಲ್ಲಿ ರಾಲ್ಫ್ ಪಿಯರ್ ಎಂಬ ಧ್ವನಿಮುದ್ರಕ ಬ್ರಿಸ್ಟಲ್ ಎಂಬ ಊರಿಗೆ ಯಂತ್ರ ಹೊತ್ತು ತಂದು ಗುಡ್ಡಗಾಡಿನ ಗಾಯಕರನ್ನು ಮುದ್ರಿಸಿಕೊಂಡ. ಅಲ್ಲಿ ಬೆಳಕಿಗೆ ಬಂದ ಕಾರ್ಟರ್ ಕುಟುಂಬದ ಎ.ಪಿ. ಕಾರ್ಟರ್ ಊರೂರು ಸುತ್ತಿ ಹಳೆಯ ಹಾಡುಗಳನ್ನು ಕಲೆಹಾಕಿದ. ಅವುಗಳಲ್ಲಿ ಎಷ್ಟೋ ಹಾಡುಗಳ ಹಕ್ಕು ಅವನ ಹೆಸರಿನಲ್ಲೇ ದಾಖಲಾಯಿತು. ಹಾಡುಗಳು ಉಳಿದವು, ಅವುಗಳನ್ನು ಹೇಳಿಕೊಟ್ಟವರ ಹೆಸರುಗಳು ಬಹುಪಾಲು ಉಳಿಯಲಿಲ್ಲ.

ಕನ್ನಡದಲ್ಲಿ ಇದಕ್ಕಿಂತ ಒಳ್ಳೆಯ ಮಾದರಿ ಈಗಾಗಲೇ ಇದೆ. ಸಾಹಿತ್ಯ ಅಕಾಡೆಮಿಯ ಪುಸ್ತಕದಲ್ಲಿ ಸಂಗ್ರಾಹಕರ, ಅನುವಾದಕರ ಹೆಸರುಗಳ ಜೊತೆ ಹಾಡಿದ ಹೆಬ್ಬಣಿ ಮಾದಯ್ಯನವರ ಹೆಸರೂ ಇದೆ. ಎಚ್.ಎಲ್. ನಾಗೇಗೌಡರು ರಾಮನಗರದ ಬಳಿ ಕಟ್ಟಿದ ಜಾನಪದ ಲೋಕ ಕಲಾವಿದರನ್ನು ಅವರ ಊರು, ಹೆಸರಿನೊಂದಿಗೆ ಗುರುತಿಸುವ ಪದ್ಧತಿಯನ್ನು ಬೆಳೆಸಿತು. ವಿಡಿಯೊದ ಕೆಳಗಿನ ವಿವರಣೆಯಲ್ಲಿ ಬರೀ ‘ಜನಪದ’ ಎಂದು ಬರೆದು ಕೈತೊಳೆದುಕೊಳ್ಳುವ ಬದಲು, ಇದು ಮಲೆ ಮಹದೇಶ್ವರನ ಹಾಡು, ಕಂಸಾಳೆ ಪರಂಪರೆಯದು, ಇಂಥ ಊರಿನ ಇಂಥವರಿಂದ ಕಲಿತದ್ದು ಎಂದು ಎರಡು ಸಾಲು ಸೇರಿಸಲು ಯಾವ ಖರ್ಚೂ ಇಲ್ಲ. ಕಾಲೇಜು, ಕಚೇರಿಗಳ ರಾಜ್ಯೋತ್ಸವದಲ್ಲಿ ಈ ಹಾಡನ್ನು ಇಟ್ಟುಕೊಳ್ಳುವವರು ಅದೇ ವೇದಿಕೆಗೆ ಹನೂರು, ಕೊಳ್ಳೇಗಾಲ ಕಡೆಯ ಒಂದು ಕಂಸಾಳೆ ತಂಡವನ್ನೂ ಕರೆಸಿ, ಸರಿಯಾದ ಸಂಭಾವನೆ ಕೊಟ್ಟು, ಹಾಡನ್ನು ಅವರ ಬಾಯಿಂದಲೂ ಒಮ್ಮೆ ಕೇಳಬೇಕು.